ಹತ್ತು ದಿನದ ಅಪ್ಪಣೆ

ಕೋರ್ಟಿನ ಅಮೀನ ನಮ್ಮ ಮನೆಗೆ ಬಂದದ್ದು ಶನಿವಾರ. ವರ್ಷ ಯಾವುದೆಂದು ಕೇಳಿದರೆ ತಡಬಡಿಸೇನು, ವಾರ ಮಾತ್ರ ತಪ್ಪುವುದಿಲ್ಲ. ಆ ಶನಿವಾರದಿಂದ ಹತ್ತನೆಯ ದಿನದ ಮಂಗಳವಾರದ ತನಕ ಒಂದೊಂದು ದಿನವನ್ನೂ ನಾನು ಬೆರಳು ಮಡಿಚಿ ಎಣಿಸಿದ್ದೇನೆ.

ರಾಯದುರ್ಗದಲ್ಲಿ ನಮ್ಮದು ಮಗ್ಗದ ಮನೆ. ಮುಂದೆ ಅಂಗಡಿ, ನಡುವೆ ಮನೆ, ಹಿಂದಿನ ಉದ್ದ ಪಡಸಾಲೆಯಲ್ಲಿ ಎಂಟು ಮಗ್ಗ. ಅಪ್ಪ ಹೋದ ಮೇಲೆ ಅಣ್ಣನೇ ಯಜಮಾನ. ನನಗಿಂತ ಹನ್ನೆರಡು ವರ್ಷ ದೊಡ್ಡವನು. ನನಗೆ ಆಗ ಇಪ್ಪತ್ತೆರಡು, ಸಿಟ್ಟು ಮೂಗಿನ ತುದಿಯಲ್ಲೇ. ಅಣ್ಣ ಅದಕ್ಕೆ ತದ್ವಿರುದ್ಧ. ಮನೆಗೆ ಬೆಂಕಿ ಬಿದ್ದರೂ ಮೊದಲು ಎಲೆ ಅಡಿಕೆ ಹಾಕಿಕೊಂಡು ಆಮೇಲೆ ಬಿಂದಿಗೆ ಹುಡುಕುವ ಪೈಕಿ.

ಅಮೀನ ಗುರುತಿನವನೇ. ಜಗಲಿಯ ಮೇಲೆ ಕೂತು ಮಜ್ಜಿಗೆ ಕುಡಿದು, ಅಣ್ಣನ ಕೈಗೆ ಒಂದು ಇಂಗ್ಲಿಷ್ ಕಾಗದ ಕೊಟ್ಟು, ಇನ್ನೊಂದರ ಬೆನ್ನಿಗೆ ಸಹಿ ಹಾಕಿಸಿಕೊಂಡ.

"ಏನ್ರಿ ಇದು?" ಎಂದ ಅಣ್ಣ.

"ಮದ್ರಾಸಿನ ಕೋರ್ಟಿಂದು ಸಮನ್ಸು ಬಂದೈತ್ರಿ. ನಿಮ್ಮ ಜರಿ ಸಾಹುಕಾರ ದಾವಾ ಹಾಕ್ಯಾನ ಅಂತ ಕಾಣ್ತೈತಿ."

ಅಣ್ಣ ನಕ್ಕುಬಿಟ್ಟ. ಹಿಂದಿನ ವರ್ಷ ಆ ಸಾಹುಕಾರನಿಗೆ, ಕೇಳಿದಾಗ ಹಣ ಕೊಡುತ್ತೇವೆಂದು ಪ್ರಾಮಿಸರಿ ನೋಟು ಬರೆದುಕೊಟ್ಟು ಜರಿ ತರಿಸಿದ್ದೆವು. ಸೀರೆಯ ಸೆರಗು ಮಗ್ಗದಿಂದ ಇಳಿಯುವ ಮೊದಲೇ ಆ ಜರಿ ಕಪ್ಪಗಾಯಿತು. ಸಾಹುಕಾರನ ಗುಮಾಸ್ತೆ ಬಂದು ಕಣ್ಣಾರೆ ನೋಡಿದ. ಮಾಲು ರೈಲಿಗೆ ಹಾಕಿ ವಾಪಸು ಕಳಿಸಿದರೆ ನೋಟು ಹಿಂದಕ್ಕೆ ಕೊಡಿಸುತ್ತೇವೆ ಎಂದು ತೆಲುಗಿನಲ್ಲಿ ಬರೆದೂ ಕೊಟ್ಟ. ನಾವು ಮಾಲು ಕಳಿಸಿದೆವು. ನೋಟು ಬರಲಿಲ್ಲ. ನಾನು ಕೇಳು ಅಂದರೆ ಅಣ್ಣ, "ದೊಡ್ಡ ಮನಿಷ್ಯಾರ್ನ ಎಷ್ಟು ಸಲ ಕೇಳೋದೋ? ನಂಬಿಕಿಲ್ಲ ಅಂದಂಗಾಗ್ತೈತಿ," ಎನ್ನುತ್ತಿದ್ದ. ಅವನ ಮರ್ಯಾದೆಗೆ ಬೆಂಕಿ ಬೀಳಲಿ ಎಂದು ನಾನು ಹಲ್ಲು ಕಡಿದದ್ದು ಎಷ್ಟು ಸಲವೋ.

"ಮೊದಲ್ನೇ ವಾಯಿದಿಗೆ ಹೋಗಿ ಗುಮಾಸ್ತೆ ಕಾಗದ ತೋರಿಸಿದ್ರ ಮುಗೀತು," ಎಂದು ಅಣ್ಣ ಸಮನ್ಸನ್ನು ಮಡಿಚಿ ಗೂಡಿನಲ್ಲಿಟ್ಟ.

ತಪ್ಪು ಅವನೊಬ್ಬನದಲ್ಲ, ಊರಿನದೇ. ನಮ್ಮ ಕಡೆ ಮುನಸೀಫ್ ಕೋರ್ಟಿನ ದಾವಾ ಎಂದರೆ ಎಲ್ಲರಿಗೂ ಗೊತ್ತು. ಮೊದಲ ಸಲ ಹೋಗಿ ವಾಯಿದೆ ಕೇಳುವುದು, ಎರಡನೆಯ ಸಲ ವಕೀಲರಿಗೆ ಜ್ವರ, ಮೂರನೆಯ ಸಲ ಜವಾಬು. ಮಗಳ ಮದುವೆಗೆ ಶುರುವಾದದ್ದು ಮೊಮ್ಮಗಳ ಮದುವೆಗೆ ಮುಗಿದರೆ ಬೇಗ ಮುಗಿಯಿತು ಎನ್ನುವವರು ನಾವು. ಬೇರೆ ಥರದ ದಾವಾ ಇರುತ್ತದೆಂದು ನಮಗೆ ಯಾರು ಹೇಳಿದ್ದರು?

ಮಂಗಳವಾರ ಸೀರೆ ಕೊಡಲು ಬಳ್ಳಾರಿಗೆ ಹೋದಾಗ, ಬಂದದ್ದು ಬಂದೆವು ಎಂದು ಸಮನ್ಸನ್ನು ಅಲ್ಲಿನ ವಕೀಲರೊಬ್ಬರಿಗೆ ತೋರಿಸಿದೆವು. ವಯಸ್ಸಾದವರು, ಅಪ್ಪನ ಕಾಲದ ಪರಿಚಯ. ಓದುತ್ತ ಓದುತ್ತ ಅವರ ಬಾಯಲ್ಲಿದ್ದ ಎಲೆ ಅಡಿಕೆ ಅಗಿಯುವುದು ನಿಂತಿತು.

"ಯಾವತ್ತು ಕೈಗೆ ಬಂತು ಇದು?"

"ಶನಿವಾರ್ರಿ."

"ಇವತ್ತು ಮಂಗಳವಾರ. ಮೂರು ದಿನ ಏನ್ ಮಾಡಿದ್ರಿ?"

ವಕೀಲರು ಎದ್ದು ಪೀಕದಾನಿಗೆ ಉಗಿದು ಬಂದು, ಮಕ್ಕಳಿಗೆ ಹೇಳಿದ ಹಾಗೆ ಹೇಳಿದರು. "ಇದು ನಮ್ಮ ಮುನಸೀಫನ ದಾವಾ ಅಲ್ರಪ್ಪ. ಮದ್ರಾಸಿನ ಕೋರ್ಟಿನಾಗ ನೋಟಿನ ಮ್ಯಾಲೆ ಹಾಕೋ ದಾವಾ ಬ್ಯಾರೆ. ಅದರಾಗ ನೀವು ಜವಾಬು ಕೊಡಾಕ ಹಕ್ಕಿಲ್ಲ. ಮೊದಲು ಜವಾಬು ಕೊಡಾಕ ಅಪ್ಪಣೆ ಕೇಳಬೇಕು. ಸಮನ್ಸು ಮುಟ್ಟಿದ ಹತ್ತು ದಿನದಾಗ, ನಮ್ಮ ಕಡೆ ಹೇಳೋದು ಇಂಥಾದ್ದು ಐತಿ ಅಂತ ದೇವರ ಮ್ಯಾಲೆ ಪ್ರಮಾಣ ಮಾಡಿ ಬರೆದು ಕೊಡಬೇಕು. ಜಡ್ಜಿ ಒಪ್ಪಿದ್ರ ಅಪ್ಪಣೆ, ಆಮೇಲೆ ದಾವಾ. ಹತ್ತು ದಿನ ಮೀರಿದ್ರ ನೀವು ಬಾಯಿ ತೆರೆಯಂಗಿಲ್ಲ. ಡಿಕ್ರಿ. ಜಪ್ತಿ. ಮಗ್ಗ, ಮನಿ, ಎಲ್ಲಾ."

"ಗುಮಾಸ್ತೆ ಬರೆದ ಕಾಗದ ಐತಲ್ರಿ?"

"ಅದನ್ನ ನೋಡಾಕನ ಅಪ್ಪಣೆ ಬೇಕು ಅಂದೆ."

ಅಣ್ಣನ ಮುಖದಲ್ಲಿ ಬಣ್ಣ ಇಳಿದದ್ದನ್ನು ಅವತ್ತು ಮೊದಲ ಸಲ ನೋಡಿದೆ. ಬೇಸಾಯದವರಿಗೆ ಸಾಲದಲ್ಲಿ ಹೊಲ ಹೋದರೆ ಮಳೆಯನ್ನಾದರೂ ಬೈಯಬಹುದು. ನಮ್ಮ ಎಂಟು ಮಗ್ಗ, ಅವುಗಳ ಮೇಲೆ ಕೂತ ಎಂಟು ಮನೆಯವರ ಅನ್ನ, ಗೂಡಿನಲ್ಲಿಟ್ಟ ಮೂರು ದಿನಕ್ಕೆ ಹೋಗುವುದರಲ್ಲಿತ್ತು. ನನಗೆ ಅಣ್ಣನ ಮೇಲೆ ಬಂದ ಸಿಟ್ಟನ್ನು ವಕೀಲರ ಮುಂದೆ ನುಂಗಿಕೊಂಡೆ, ರೈಲಿನಲ್ಲಿ ಪೂರಾ ಕಕ್ಕಿದೆ.

ಬಳ್ಳಾರಿಯ ವಕೀಲರು ಮದ್ರಾಸಿನಲ್ಲಿ ವಕೀಲರಾಗಿದ್ದ ತಮ್ಮ ಗೆಳೆಯರೊಬ್ಬರಿಗೆ ಕಾಗದ ಬರೆದುಕೊಟ್ಟಿದ್ದರು. ನೋಟಿಗೆ ಸಹಿ ಹಾಕಿದವನು, ಮಾಲು ಕಂಡವನು ಅಣ್ಣ. ಪ್ರಮಾಣ ಅವನೇ ಮಾಡಬೇಕು. ಬುಧವಾರ ಬೆಳಿಗ್ಗೆ ಅವನು ಗುಮಾಸ್ತೆಯ ಕಾಗದ, ರೈಲ್ವೆ ರಸೀದಿ ಕಟ್ಟಿಕೊಂಡು ಹೊರಟ.

ಅವ್ವನಿಗೆ ನಾಲ್ಕು ದಿನದಿಂದ ಜ್ವರವಿತ್ತು. ಹೊರಡುವಾಗ ಅಣ್ಣ ಅವಳ ಕಾಲು ಮುಟ್ಟಿ, "ವಾರದಾಗ ಬರ್ತೀನವ್ವಾ," ಎಂದ. ಅವ್ವ ಗೋಡೆಗೆ ಒರಗಿ ಕೂತೇ, "ಮದ್ರಾಸಿನಾಗ ಉಪ್ಪಿನ ನೀರಂತ, ಹುಷಾರು," ಎಂದಳು. ಅಷ್ಟೇ. ಜ್ವರ ಯಾರಿಗೆ ಬರುವುದಿಲ್ಲ ಎಂದು ನಾವೆಲ್ಲ ಅಂದುಕೊಂಡೆವು. ಮನೆಯಲ್ಲಿ ಅತ್ತಿಗೆ ಇದ್ದಳು. ಮಡಕಶಿರಾದಿಂದ ಕಂಬಳಿ ವ್ಯಾಪಾರಕ್ಕೆ ಬಂದ ಸೋದರಮಾವ, ಅವ್ವನ ತಮ್ಮ, ಅಕ್ಕನಿಗೆ ಜ್ವರ ಅಂತ ಉಳಿದುಕೊಂಡಿದ್ದ.

ಗುರುವಾರ ಬೆಳಿಗ್ಗೆ ನಮ್ಮೂರ ಸ್ಟೇಷನ್ನಿನ ತಂತಿ ಆಫೀಸಿನಿಂದ ಅಣ್ಣನ ತಂತಿ ಬಂತು. ತಲುಪಿ ವಕೀಲರ ಮನೆಯಲ್ಲಿದ್ದೇನೆ, ಕಾಗದಗಳು ಇಂಗ್ಲಿಷಿಗೆ ಆಗಬೇಕು, ಪ್ರಮಾಣ ಸೋಮವಾರ. ನಾನು ಬೆರಳು ಮಡಿಚಿದೆ. ಸೋಮವಾರ ಎಂದರೆ ಒಂಬತ್ತನೆಯ ದಿನ. ಒಂದೇ ಒಂದು ದಿನ ಕೈಯಲ್ಲಿ.

ತಂತಿ ಓದಿ ಮುಗಿಸುವಷ್ಟರಲ್ಲಿ ಅವ್ವನಿಗೆ ಉಸಿರು ಕಟ್ಟಿತು. ಡಾಕ್ಟರು ಬಂದು ಎದೆಯಲ್ಲಿ ಕಫ ಕಟ್ಟಿದೆ ಎಂದರು, ಹೊರಗೆ ಕರೆದು, "ಹೇಳಾಕ ಬರಂಗಿಲ್ಲ, ಮಗನ್ನ ಕರೆಸ್ರಿ," ಎಂದರು. ಅವ್ವನಿಗೆ ಎಚ್ಚರ ಚೆನ್ನಾಗಿತ್ತು. ನನ್ನ ಮುಂಗೈ ಹಿಡಿದು, "ಅಣ್ಣಗ ತಂತಿ ಕೊಡೋ ತಮ್ಮಾ. ಕೋರ್ಟು ಎಲ್ಲಿ ಹೋಗ್ತೈತಿ," ಎಂದಳು.

ನಾನು ಸ್ಟೇಷನ್ನಿಗೆ ಹೋದೆ. ಹೋದದ್ದು ನಿಜ. ತಂತಿ ಫಾರಂ ತೆಗೆದುಕೊಂಡು, ತಾಯಿಗೆ ಬಹಳ ಹುಷಾರಿಲ್ಲ, ಕೂಡಲೇ ಹೊರಡು ಎಂದು ಬರೆದದ್ದೂ ನಿಜ. ಕಿಟಕಿಯ ಒಳಗಿಂದ ತಂತಿ ಬಾಬು, "ಅರ್ಜೆಂಟೋ, ಮಾಮೂಲೋ?" ಎಂದು ಕೈ ಚಾಚಿದ. ಕೊಡಲು ನನ್ನ ಕೈ ಬರಲಿಲ್ಲ.

ಅಣ್ಣ ಎಂಥವನೆಂದು ನನಗೆ ಗೊತ್ತು. ತಂತಿ ಕಂಡರೆ ಮದ್ರಾಸಿನ ವಕೀಲರ ಮಾತನ್ನೂ ಕೇಳದೆ ರೈಲು ಹತ್ತುತ್ತಾನೆ. ಮಂಗಳವಾರದೊಳಗೆ ಮತ್ತೆ ಹೋಗುವುದು ಆಗದ ಮಾತು. ಅವ್ವ ಬದುಕಿಕೊಂಡರೆ ಮಗ್ಗ ಹೋಗಿರುತ್ತವೆ. ಬದುಕದಿದ್ದರೆ ಸೂತಕ. ನಮ್ಮಲ್ಲಿ ಸೂತಕದ ಹತ್ತು ದಿನ ಮಗ್ಗ ಮುಟ್ಟುವುದಿಲ್ಲ, ತಕ್ಕಡಿ ಹಿಡಿಯುವುದಿಲ್ಲ, ದೇವರ ಮುಂದೆ ದೀಪ ಕೂಡ ಹಚ್ಚುವುದಿಲ್ಲ. ದೇವರ ಹೆಸರು ಹೇಳಿ ಪ್ರಮಾಣ ಮಾಡುವುದು ಎಲ್ಲಿ ಬಂತು? ಮೈಲಿಗೆಯಲ್ಲಿ ಮಾಡಿದ ಪ್ರಮಾಣ ಸುಳ್ಳು ಪ್ರಮಾಣಕ್ಕಿಂತ ಕಡೆ ಎಂದು ನಂಬಿದವನು ನಮ್ಮಣ್ಣ. ಸರ್ಕಾರದ ಹತ್ತು ದಿನಕ್ಕೂ ಸೂತಕದ ಹತ್ತು ದಿನಕ್ಕೂ ನಡುವೆ ನಮ್ಮ ಮನೆ ಸಿಕ್ಕಿಕೊಂಡಿತ್ತು.

"ಆಮೇಲೆ ಬರ್ತೀನ್ರಿ," ಎಂದು ಫಾರಂ ಮಡಿಚಿ ಜೇಬಿಗೆ ಹಾಕಿಕೊಂಡೆ. ದಾರಿಯಲ್ಲಿ ಅದನ್ನು ಚೂರುಚೂರು ಹರಿದೆ.

ಬಾಗಿಲಲ್ಲೇ ಮಾವ ನಿಂತಿದ್ದ. "ಏನ್ಲಾ, ಕೊಟ್ಯಾ ತಂತಿ?"

"ಕೊಟ್ಟೆ ಮಾವ."

"ಯಾವಾಗ ಬತ್ತಾನಂತೆ?"

"ತಂತಿ ಮುಟ್ಟಬೇಕಲ್ಲ ಮಾವ, ನಾಳೆ ನಾಡಿದ್ದು ಬರ್ತಾನೆ."

ಮಾವ ನನ್ನ ಮುಖವನ್ನು ಒಂದು ಗಳಿಗೆ ನೋಡಿದ. ಕಂಬಳಿ ಲೆಕ್ಕ ನೋಡಿ ಬರುತ್ತೇನೆಂದು ಹೆಗಲಿಗೆ ವಲ್ಲಿ ಹಾಕಿಕೊಂಡು ಹೊರಗೆ ಹೋದ.

ಒಳಗೆ ಅವ್ವ ಅದೇ ಕೇಳಿದಳು. ಅವಳಿಗೂ ಅದನ್ನೇ ಹೇಳಿದೆ. ಅತ್ತಿಗೆಗೂ ಅದನ್ನೇ. ಸುಳ್ಳು ಮೊದಲ ಸಲ ಗಂಟಲಿಗೆ ಸಿಕ್ಕುತ್ತದೆ, ಮೂರನೆಯ ಸಲಕ್ಕೆ ನುಣ್ಣಗೆ ಇಳಿಯುತ್ತದೆ.

ಶುಕ್ರವಾರ ಅವ್ವ ಸ್ವಲ್ಪ ಗಂಜಿ ಕುಡಿದಳು. ನನಗೆ ಜೀವ ಬಂದ ಹಾಗಾಯಿತು. ನೋಡು, ನಾನು ಮಾಡಿದ್ದೇ ಸರಿ, ಇನ್ನು ಮೂರು ದಿನ ತಳ್ಳಿದರೆ ಮಗ್ಗವೂ ಉಳಿದವು, ಅವ್ವನೂ ಉಳಿದಳು ಎಂದುಕೊಂಡು ಪಡಸಾಲೆಗೆ ಹೋಗಿ ನೇಯುವವರ ಮೇಲೆ ಸುಮ್ಮಸುಮ್ಮನೆ ರೇಗಿದೆ. ಶನಿವಾರ ಮಧ್ಯಾಹ್ನದ ಬಳ್ಳಾರಿ ರೈಲಿನ ಸದ್ದು ಕೇಳಿದಾಗ ಅವ್ವ ತನ್ನ ಸೆರಗು ಸರಿಮಾಡಿಕೊಂಡಳು. ತಲೆ ಬಾಚು ಎಂದು ಅತ್ತಿಗೆಗೆ ಹೇಳಿದಳು. ಅತ್ತಿಗೆ ಬಾಚಿದಳು. ಸ್ಟೇಷನ್ನಿನಿಂದ ನಮ್ಮ ಮನೆಗೆ ನಡೆದು ಬರುವಷ್ಟು ಹೊತ್ತು ಮೂವರೂ ಬಾಗಿಲ ಕಡೆ ನೋಡುತ್ತ ಕೂತೆವು. ಯಾರೂ ಬರುವುದಿಲ್ಲವೆಂದು ಗೊತ್ತಿದ್ದ ನಾನೂ ನೋಡುತ್ತ ಕೂತಿದ್ದೆ.

"ರೈಲು ತಪ್ಪಿರಬೇಕು," ಎಂದಳು ಅವ್ವ.

ಭಾನುವಾರ ಬೆಳಗಿನ ಹತ್ತು ಗಂಟೆಗೆ ಅವಳು ಹೋದಳು. ಕೊನೆಗೆ ನನ್ನನ್ನೇ ಅಣ್ಣ ಎಂದುಕೊಂಡು, "ಬಂದ್ಯಾ, ಉಂಡ್ಯಾ," ಎಂದಳು. ಬಂದೆನವ್ವ, ಉಂಡೆನವ್ವ ಎಂದೆ. ಅದೊಂದು ಸುಳ್ಳಿಗೆ ಮಾತ್ರ ನನಗೆ ಇವತ್ತಿಗೂ ಬೇಜಾರಿಲ್ಲ.

ಹಿರಿಮಗ ದಾರಿಯಲ್ಲಿರಬಹುದು, ಸಂಜೆಯ ತನಕ ಕಾಯೋಣ ಎಂದರು ಬಂದವರು. ಕಾಯುವುದು ಬೇಡ ಎಂದು ನಾನೇ ಹಟ ಹಿಡಿದೆ. ಪುರೋಹಿತರು ನನಗೆ ಸಮಾಧಾನ ಹೇಳಲು, ದೂರದಲ್ಲಿದ್ದವನಿಗೆ ಸುದ್ದಿ ಕಿವಿಗೆ ಬಿದ್ದಾಗಿನಿಂದ ಸೂತಕ, ಅಲ್ಲಿಯ ತನಕ ಅವನಿಗೆ ದೋಷವಿಲ್ಲ ಎಂದರು. ಅವರಿಗೇನು ಗೊತ್ತು, ಆ ಮಾತಿಗೆ ನನ್ನ ಎದೆ ಹಗುರವಾಯಿತು. ತಾಯಿಯ ಹೆಣ ಅಂಗಳದಲ್ಲಿರುವಾಗ ಮಗನ ಎದೆ ಹಗುರವಾಗಬಹುದೇ? ಆಯಿತು. ಸೋಮವಾರದ ತನಕ ಅವನ ಕಿವಿಗೆ ಬೀಳದಿದ್ದರೆ ಸಾಕು. ತಲೆ ಬೋಳಿಸಿಕೊಂಡು, ಅಣ್ಣ ಇಡಬೇಕಾಗಿದ್ದ ಬೆಂಕಿಯನ್ನು ನಾನು ಇಟ್ಟೆ.

ಸೋಮವಾರ ಮಧ್ಯಾಹ್ನ ಹೊತ್ತು ಇಳಿಯುವಾಗ, ಇನ್ನು ತಿಳಿಸಿದರೆ ಅಡ್ಡಿಯಿಲ್ಲವೆಂದು ಲೆಕ್ಕ ಹಾಕಿ ಸ್ಟೇಷನ್ನಿಗೆ ಹೋದೆ. ಸೂತಕದವನು, ಕಿಟಕಿಯಿಂದ ದೂರ ನಿಂತೆ. ತಂತಿ ಬಾಬು ನನ್ನ ತಲೆ ನೋಡಿ ಒಂದು ಕಾಗದವನ್ನು ಕಟ್ಟೆಯ ಮೇಲಿಟ್ಟ. ಅಣ್ಣನದು. ಪ್ರಮಾಣ ಆಯಿತು, ಅರ್ಜಿ ದಾಖಲಾಯಿತು, ಹೊರಟಿದ್ದೇನೆ.

ದಾವಾದ ಮಾತು ಇಲ್ಲೇ ಮುಗಿಸಿಬಿಡುತ್ತೇನೆ. ಹದಿಮೂರು ದಿನ ಕಳೆದ ಮೇಲೆ ಅಣ್ಣ ಮತ್ತೆ ಮದ್ರಾಸಿಗೆ ಹೋದ. ಜಡ್ಜಿ ಗುಮಾಸ್ತೆಯ ಕಾಗದ ನೋಡಿ, ಒಂದು ಕಾಸೂ ಠೇವಣಿ ಇಡಿಸಿಕೊಳ್ಳದೆ ಜವಾಬು ಕೊಡಲು ಅಪ್ಪಣೆ ಕೊಟ್ಟರು. ಅಪ್ಪಣೆ ಸಿಕ್ಕಿತೆಂದು ತಿಳಿದ ಕೂಡಲೆ ಸಾಹುಕಾರ ರಾಜಿಗೆ ಬಂದ, ನೋಟು ವಾಪಸು ಕೊಟ್ಟ. ಎಂಟು ಮಗ್ಗವೂ ಉಳಿದವು. ನನ್ನ ಮಕ್ಕಳು ಓದಿದ್ದು ಆ ಮಗ್ಗಗಳ ಮೇಲೆಯೇ. ನಾನು ಮಾಡಿದ್ದು ಲೆಕ್ಕದಲ್ಲಿ ಸರಿಯಾಗಿತ್ತು ಎನ್ನುವುದನ್ನು ಯಾರೂ ಅಲ್ಲಗಳೆಯುವ ಹಾಗಿಲ್ಲ.

ಮಂಗಳವಾರ ಮಧ್ಯಾಹ್ನ ಬಳ್ಳಾರಿ ರೈಲಿಗೆ ಅಣ್ಣನನ್ನು ಕಾಯಲು ನಾನೊಬ್ಬನೇ ಹೋದೆ. ಮನೆಯ ಬಾಗಿಲಲ್ಲಿ ಹೆಂಗಸರ ಅಳುವಿನಿಂದ ಅವನಿಗೆ ತಿಳಿಯಬಾರದು, ನನ್ನ ಬಾಯಿಂದಲೇ ತಿಳಿಯಲಿ, ಬೈಯುವುದಿದ್ದರೆ ನನ್ನನ್ನು ಅಲ್ಲೇ ಬೈಯಲಿ ಎಂದು ಮನಸ್ಸಿನಲ್ಲಿತ್ತು. ಸ್ಟೇಷನ್ನಿನ ಹೊರಗೆ ಬೇವಿನ ಮರದ ಕೆಳಗೆ ನಿಂತೆ. ಜನರ ನಡುವೆ ಅಣ್ಣ ಬಂದ. ನನ್ನ ಬೋಳು ತಲೆ ಕಂಡ. ನಾನು ಅಂದುಕೊಂಡ ಹಾಗೆ ಅವನು ಚೀರಲಿಲ್ಲ, ಕುಸಿಯಲಿಲ್ಲ. ಮೊದಲೇ ಗೊತ್ತಿದ್ದವನ ಹಾಗೆ ಗಂಟನ್ನು ಕೆಳಗಿಟ್ಟು, ಕಣ್ಣು ಒರೆಸಿಕೊಂಡ.

"ಗುರುವಾರ ಹೋದಳಲ್ಲೇನು?" ಎಂದ.

"ಇಲ್ಲಣ್ಣ. ಭಾನುವಾರ."

"ಯಾವ ಭಾನುವಾರ?"

"ಮೊನ್ನೆ."

ಅಣ್ಣ ಅಂಗಿಯ ಒಳಜೇಬಿಗೆ ಕೈಹಾಕಿ ಒಂದು ಲಕೋಟೆ ತೆಗೆದ. ಒಡೆದಿರಲಿಲ್ಲ. ಮೇಲಿನ ವಿಳಾಸ ಮಾವನ ಕೈಬರಹ, ಒಂದು ಮೂಲೆಗೆ ಕಪ್ಪು.

ಮದುವೆಯ ಕಾಗದದ ಮೂಲೆಗೆ ಅರಿಶಿನ, ಸಾವಿನ ಕಾಗದದ ಮೂಲೆಗೆ ಮಸಿ ಹಚ್ಚುವುದು ನಮ್ಮ ಕಡೆಯ ಪದ್ಧತಿ. ಮಸಿಮೂಲೆಯ ಕಾಗದ ಮದುವೆ ಮನೆಗೆ ಬಂದರೆ, ಅಕ್ಷತೆ ಬೀಳುವ ತನಕ ಅದನ್ನು ಯಾರೂ ಒಡೆಯುವುದಿಲ್ಲ. ಓದದಿದ್ದರೆ ಕೇಳಿದ ಹಾಗಲ್ಲ, ಕೇಳದಿದ್ದರೆ ಸೂತಕವಿಲ್ಲ.

"ಶುಕ್ರವಾರ ಸಂಜಿಗೆ ವಕೀಲರ ಮನಿಗೆ ಬಂತು," ಎಂದ ಅಣ್ಣ. "ಮೂಲಿ ನೋಡಿದೆ. ಒಡೆದ್ರ ಪ್ರಮಾಣ ಮಾಡಾಕ ಬರಂಗಿಲ್ಲ. ಒಡೀಲಿಲ್ಲ. ನಾಕು ದಿನದಿಂದ ಎದಿ ಮ್ಯಾಲೆ ಇಟ್ಕೊಂಡೀನಿ." ಲಕೋಟೆಯನ್ನು ತಿರುಗಿಸಿ ನೋಡಿದ. "ಭಾನುವಾರ ಹೋದಳು ಅಂತಿ. ಹಂಗಾರ ಇದರಾಗ ಏನೈತೋ?"

ಲಕೋಟೆಯನ್ನು ನನ್ನ ಕಡೆ ಚಾಚಿದ. ಸೂತಕದವನ ಕೈ ಎಂದು ಅವನಿಗೂ ನೆನಪಾಗಲಿಲ್ಲ, ನನಗೂ ನೆನಪಾಗಲಿಲ್ಲ. ಮೂಲೆಯನ್ನು ಬೆರಳಿನಿಂದ ಒರೆಸಿದೆ. ಕಪ್ಪು ಬೆರಳಿಗೆ ಹತ್ತಿತು. ಎಣ್ಣೆಯಲ್ಲಿ ಕಲಸಿ ಹಚ್ಚಿದ ಮಸಿ ಹೀಗೆ ಒಣಗಿ ಪುಡಿಯಾಗಿ ಉದುರುವುದಿಲ್ಲ. ಇದು ರೈಲಿನ ಕಲ್ಲಿದ್ದಲ ಮಸಿ. ಗುರುವಾರ ಮಾವ ಕಂಬಳಿ ಲೆಕ್ಕಕ್ಕೆ ಹೋಗಿರಲಿಲ್ಲ, ಹೊರಟು ನಿಂತ ಗಾಡಿಯ ಟಪ್ಪಾಲಿಗೆ ಕಾಗದ ಕೊಡಲು ಓಡಿದ್ದ. ಯಾರದೋ ಕೈಯ ಹೆಬ್ಬೆರಳು.

"ಓದು," ಎಂದ ಅಣ್ಣ.

ಒಡೆದು ಓದಿದೆ. "ಚಿರಂಜೀವಿ ಅಳಿಯನಿಗೆ ಆಶೀರ್ವಾದ. ಅಕ್ಕನಿಗೆ ಕಫ ಹೆಚ್ಚಾಗಿದೆ. ಎಚ್ಚರ ಚೆನ್ನಾಗಿದೆ. ನಿನ್ನನ್ನೇ ಕೇಳುತ್ತಾಳೆ. ಈ ಕಾಗದ ಕಂಡ ಗಳಿಗೆಯಲ್ಲೇ ಹೊರಟರೆ ಮಾತಾಡಿಸಬಹುದು."

ಇನ್ನೊಂದು ಸಾಲಿತ್ತು. ಅದನ್ನು ಬಿಟ್ಟು ಮಡಿಚಿಬಿಡಬಹುದಾಗಿತ್ತು. ಅಣ್ಣ ಕಾಗದದ ಕಡೆ ನೋಡುತ್ತಿರಲಿಲ್ಲ, ಶನಿವಾರ ಮಧ್ಯಾಹ್ನ ತಾನು ಇಳಿಯಬಹುದಾಗಿದ್ದ ರೈಲಿನ ಕಡೆ ನೋಡುತ್ತಿದ್ದ. ಅಷ್ಟು ದಿನ ಸಲೀಸಾಗಿ ಸುಳ್ಳು ಹೇಳಿದವನಿಗೆ ಅವತ್ತು ಆಗಲಿಲ್ಲ. ಓದಿದೆ. "ಸಣ್ಣವನು ತಂತಿ ಕೊಟ್ಟೆನೆನ್ನುತ್ತಾನೆ, ನನಗೆ ಅವನ ಮಾತಿನಲ್ಲಿ ನಂಬಿಕೆ ಇಲ್ಲ, ಆದ್ದರಿಂದ ಬರೆದೆ."

ಅಣ್ಣ ನಿಧಾನವಾಗಿ ನನ್ನ ಕಡೆ ತಿರುಗಿದ. ಮೂರು ದಿನ ಕಾಗದವನ್ನು ಗೂಡಿನಲ್ಲಿಟ್ಟದ್ದಕ್ಕೆ ನಾನು ರೈಲಿನ ತುಂಬ ಬೈದಿದ್ದೆ. ಅವನೂ ಬೈಯಲಿ, ಹೊಡೆಯಲಿ ಎಂದು ಕಾದೆ.

"ಅವ್ವಗ ಜೀವ ಇದ್ದಿದ್ರ ನನ್ನ ತಮ್ಮ ಬಾ ಅಂತ ತಂತಿ ಕೊಡ್ತಿದ್ದ, ತಂತಿ ಬರಲಿಲ್ಲ ಅಂದ್ರ ಮುಗಿದಿರಬೇಕು," ಎಂದ ಅಣ್ಣ. "ಹಂಗಂತ ತಿಳಿದು ಒಡೀಲಿಲ್ಲೋ."

ಗಂಟನ್ನು ಅಲ್ಲೇ ಬಿಟ್ಟು ಅವನು ಮನೆಯ ಕಡೆ ನಡೆದ. ನಾನು ಅದನ್ನು ಎತ್ತಿಕೊಂಡು ಹಿಂದೆ ಹಿಂದೆ ಹೋದೆ.